ಒಂಬತ್ತು ದಿನದ ವಾರ

ಆಗ ಕೊಡಗು ತನ್ನಷ್ಟಕ್ಕೆ ಒಂದು ರಾಜ್ಯ. ಕುಶಾಲನಗರದ ಸೇತುವೆ ದಾಟಿದರೆ ಮೈಸೂರು ರಾಜ್ಯ, ಈಚೆ ನಮ್ಮದು. ಹಾಸನದ ಕಡೆಯಿಂದ ಬಂದು ಹೊಳೆಯ ಈಚೆ ಗದ್ದೆ ಮಾಡಿಕೊಂಡಿದ್ದ ಅಪ್ಪ, ಒಂದು ಬೀಡಿ ಸೇದಿ ಮುಗಿಸುವಷ್ಟರಲ್ಲಿ ರಾಜ್ಯವೇ ಬದಲಾಗುತ್ತದೆ ಎಂದು ತಮಾಷೆ ಮಾಡುತ್ತಿದ್ದರು. ನನಗೆ ಹತ್ತು ವರ್ಷ. ಇಷ್ಟು ಚಿಕ್ಕ ಸೀಮೆ ರಾಜ್ಯವಾಗುವುದಾದರೆ ನಮ್ಮ ಕೊಟ್ಟಿಗೆಯ ಹಿಂದಿನ ಬಿದಿರುಮೆಳೆ ಯಾಕಾಗಬಾರದು ಅನ್ನಿಸಿತು. ಆಗಿಯೇ ಬಿಟ್ಟಿತು. ರಾಣಿ ನಾನು. ಪ್ರಜೆ, ಐದು ವರ್ಷದ ನನ್ನ ತಂಗಿ.

ರಾಜ್ಯವೆಂದ ಮೇಲೆ ಅದಕ್ಕೊಂದು ಪಂಚಾಂಗ ಬೇಡವೇ? ಅಮ್ಮ ಚಂದ್ರನನ್ನು ನೋಡಿ ಆಷಾಢ, ಶ್ರಾವಣ ಎನ್ನುತ್ತಿದ್ದ ದಿನಗಳನ್ನೇ ಪಕ್ಕದ ಮನೆಯ ಕೊಡವ ಅಜ್ಜಿ ಕಕ್ಕಡ ಎನ್ನುತ್ತಿದ್ದರು. ಶಾಲೆಯ ಗೋಡೆಯ ಮೇಲೆ ಅದು ಆಗಸ್ಟ್. ಮೂರು ಲೆಕ್ಕ ಇರುವ ಕಡೆ ನನ್ನದೊಂದು ಸೇರಿದರೆ ಯಾರ ಗಂಟು ಹೋಗುತ್ತದೆ? ನನ್ನ ವರ್ಷಕ್ಕೆ ನಾಲ್ಕೇ ತಿಂಗಳು. ಹೊಳೆಯ ನೀರು ನೋಡಿ ಹೆಸರಿಟ್ಟಿದ್ದೆ: ತಿಳಿ, ಕದಡು, ತುಂಬು, ಇಳಿ. ವಾರಕ್ಕೆ ಒಂಬತ್ತು ದಿನ. ಜಿಗಣೆವಾರ, ಕೊಡೆವಾರ, ಆನೆವಾರ ಎಂದೆಲ್ಲ ಎಂಟು ಕಳೆದ ಮೇಲೆ ಒಂಬತ್ತನೆಯದು ಕಟ್ಟುವಾರ. ಕೊಟ್ಟಿಗೆಯ ಗೋಡೆಯ ಮೇಲೆ ಇದ್ದಿಲಿನಲ್ಲಿ ದಿನಕ್ಕೊಂದು ಗೀಟು ಎಳೆಯುತ್ತಿದ್ದೆ.

ಈ ಕಟ್ಟುವಾರದ ವಿಷಯ ಹೇಳಲು ಈಗಲೂ ನಾಚಿಕೆ. ಆ ದಿನ ಪ್ರಜೆಗಳು ಸಿಹಿ ಮುಟ್ಟಬಾರದು. ಮುಟ್ಟಿದರೆ ಮಾರನೆಯ ದಿನ ಮೈಯಲ್ಲಿರುವ ರಕ್ತವೆಲ್ಲ ಹರಿದುಹೋಗುತ್ತದೆ. ರಾಣಿಗೆ ಮಾತ್ರ ಏನೂ ಆಗದು. ಅಪ್ಪ ಸಂತೆಯಿಂದ ಬೆಂಡು ಬತ್ತಾಸು ತರುವ ದಿನವೇ ಕಟ್ಟುವಾರ ಬೀಳುವಂತೆ ನಾನು ಒಂದೆರಡು ಗೀಟು ಸೇರಿಸುವುದೋ ಅಳಿಸುವುದೋ ಮಾಡುತ್ತಿದ್ದೆ. ತಂಗಿ ತನ್ನ ಪಾಲನ್ನು ತಾನೇ ತಂದು ನನ್ನ ಕೈಗೆ ಹಾಕುತ್ತಿದ್ದಳು. ಅಳುತ್ತಲೂ ಇರಲಿಲ್ಲ. ಇಡೀ ಪಂಚಾಂಗ ಹುಟ್ಟಿದ್ದೇ ಬತ್ತಾಸಿನ ಆಸೆಗೆ ಎಂದು ಒಪ್ಪಿಕೊಂಡುಬಿಡುತ್ತೇನೆ.

ಅಂಥದೊಂದು ಕಟ್ಟುವಾರದ ಮರುಬೆಳಿಗ್ಗೆ ತಂಗಿ ನನ್ನ ಲಂಗ ಹಿಡಿದು ಬಚ್ಚಲ ಹಿಂದಕ್ಕೆ ಎಳೆದುಕೊಂಡು ಹೋದಳು. ಕಲ್ಲುಚಪ್ಪಡಿಯ ಮೇಲೆ ಅವಳು ಆಗತಾನೇ ಉಚ್ಚೆ ಹೊಯ್ದಿದ್ದಳು. ಅದು ಕೆಂಪಗಿತ್ತು.

"ಅಕ್ಕ, ನಿನ್ನೆ ನಾನು ಪಾಯಸ ತಿಂದೆ," ಎಂದಳು.

ಹಿಂದಿನ ದಿನ ನಾನು ಶಾಲೆಗೆ ಹೋಗಿದ್ದೆ. ಅಮ್ಮ ನಾಟಿಗೆ ಹೋಗುವಾಗ ಅವಳನ್ನು ಪಕ್ಕದ ಮನೆಯ ಅಜ್ಜಿಯ ಬಳಿ ಬಿಟ್ಟಿದ್ದಳು.

"ಅಜ್ಜಿ ತೊಡೆ ಮೇಲೆ ಕೂರಿಸ್ಕೊಂಡು ತಿನ್ಸಿದ್ರು. ನಾನು ಬೇಡ ಅಂದೆ. ಆಮೇಲೆ ಚೆನ್ನಾಗಿತ್ತು."

ಕಟ್ಟುವಾರ ನಾನೇ ಕಟ್ಟಿದ ಸುಳ್ಳು ಎಂದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತಿತ್ತು? ಆದರೂ ಆ ಕೆಂಪು ಕಣ್ಣೆದುರೇ ಇತ್ತು. ತಂಗಿ ಸತ್ತುಹೋಗುತ್ತಾಳೆ, ನನ್ನಿಂದ ಸಾಯುತ್ತಾಳೆ ಎನ್ನುವುದರಲ್ಲಿ ನನಗೆ ಒಂದಿಷ್ಟೂ ಅನುಮಾನ ಉಳಿಯಲಿಲ್ಲ.

"ನಿನ್ನೆ ದಿನಾನ ಎಂಟನೇದು ಮಾಡ್ಬಿಡು ಅಕ್ಕ. ನೀನು ರಾಣಿ ಅಲ್ವಾ?"

ಕೊಟ್ಟಿಗೆಗೆ ಓಡಿ ಗೀಟು ಅಳಿಸಿದೆ. ಅಂಗೈಯೆಲ್ಲ ಮಸಿ. ನಿನ್ನೆ ಎಂಟು, ಇವತ್ತು ಕಟ್ಟುವಾರ ಎಂದು ಜೋರಾಗಿ ಸಾರಿದೆ. ತಂಗಿ ಒಂದು ಚೊಂಬು ನೀರು ಕುಡಿದಳು. ಸ್ವಲ್ಪ ಹೊತ್ತಿಗೆ ಪೂರ್ತಿ ನಂಬಿಕೆಯಿಂದ ಮತ್ತೆ ಹೋಗಿ ಕೂತಳು. ಎದ್ದು ಬಗ್ಗಿ ನೋಡಿದಳು. ಮತ್ತೆ ಕೆಂಪು. ಆಗಲೂ ಅಳಲಿಲ್ಲ. ಇನ್ನೇನು ಮಾಡುತ್ತೀ ಎಂಬಂತೆ ನನ್ನ ಮುಖವನ್ನೇ ನೋಡುತ್ತಾ ನಿಂತಳು.

ನನ್ನ ರಾಣಿತನ ಅಲ್ಲಿಗೆ ಮುಗಿಯಿತು. ಅಡುಗೆಮನೆಗೆ ನುಗ್ಗಿ, "ಅಮ್ಮ, ನಾನು ಅವಳನ್ನ ಕೊಂದ್ಬಿಟ್ಟೆ!" ಎಂದು ಕಿರುಚಿ, ಕಟ್ಟುವಾರ, ಬತ್ತಾಸು, ಪಾಯಸ ಎಲ್ಲವನ್ನೂ ಒಂದೇ ಉಸಿರಿಗೆ ಒದರಿದೆ. ಅಮ್ಮನಿಗೆ ತಲೆಬುಡ ತಿಳಿಯಲಿಲ್ಲ. ಬಚ್ಚಲ ಹಿಂದೆ ಬಂದು ನೋಡಿದ ಮೇಲೆ ತಿಳಿಯಿತು, ಅದೂ ಕೆಂಪು ಮಾತ್ರ. ನಾವು ಕೊಡಗಿಗೆ ಬಂದು ಇನ್ನೂ ಒಂದು ವರ್ಷ ತುಂಬಿರಲಿಲ್ಲ. ಅಮ್ಮ ತಂಗಿಯನ್ನು ಸೊಂಟಕ್ಕೇರಿಸಿಕೊಂಡು ಮಳೆಯಲ್ಲೇ ಅಜ್ಜಿಯ ಮನೆಗೆ ಓಡಿದಳು. ಇನ್ನು ಜನ್ಮದಲ್ಲಿ ಸಿಹಿ ಮುಟ್ಟುವುದಿಲ್ಲ, ಇವಳನ್ನು ಉಳಿಸಪ್ಪಾ ಎಂದು ಊರಿನ, ಹೆಸರು ಕೇಳಿದ, ಕೇಳದ ದೇವರಿಗೆಲ್ಲ ಹೇಳಿಕೊಳ್ಳುತ್ತಾ ನಾನು ಹಿಂದೆ ಹಿಂದೆ.

ಅಜ್ಜಿ ಜಗಲಿಯಲ್ಲಿ ಕೂತು ಎಲೆ ಅಡಿಕೆ ಹಾಕಿಕೊಳ್ಳುತ್ತಿದ್ದರು.

"ಏನು ತಿನ್ಸಿದ್ರಿ ಅಜ್ಜಿ? ಮಗೂಗೆ ರಕ್ತ ಹೋಗ್ತಾ ಇದೆ!" ಎಂದಳು ಅಮ್ಮ.

ಅಜ್ಜಿ ಬಾಯಿಗೆ ಕೈ ಅಡ್ಡ ಹಿಡಿದು ನಗತೊಡಗಿದವರು, ಭುಜ ಕುಲುಕುವಷ್ಟು ನಕ್ಕರು.

"ರಕ್ತ ಅಲ್ಲಮ್ಮ, ಮದ್ದುಸೊಪ್ಪು! ನಿನ್ನೆ ಕಕ್ಕಡ ಹದಿನೆಂಟು ಅಲ್ವಾ? ಕಾಡಿಂದ ಸೊಪ್ಪು ತಂದು, ಬೇಯಿಸಿ, ಆ ರಸದಲ್ಲೇ ಪಾಯಸ ಮಾಡೋದು. ಹದಿನೆಂಟು ಥರದ ಮದ್ದು ಇರ್ತದೆ ಅದ್ರಲ್ಲಿ ಆ ದಿವಸ. ಮಾರ್ನೇ ದಿನ ಉಚ್ಚೆ ಕೆಂಪಗೆ ಹೋದ್ರೆ ಮದ್ದು ಮೈಗೆ ಹಿಡೀತು ಅಂತ ಲೆಕ್ಕ. ಇವತ್ತು ಇಲ್ಲಿ ಎಲ್ರದ್ದೂ ಕೆಂಪೇ. ನಂದೂ ಕೆಂಪೇ!"

ಅಮ್ಮ ಜಗಲಿಯ ಮೇಲೆ ಕುಸಿದು ಕೂತಳು.

"ಹೇಳೋದೇ ಮರ್ತೋಯ್ತು ನೋಡು. ಇಲ್ಲಿ ಯಾರಿಗೂ ಇದನ್ನ ಹೇಳ್ಬೇಕಾಗಿಲ್ಲ," ಎಂದು ಅಜ್ಜಿ ತಂಗಿಯ ಗಲ್ಲ ಹಿಡಿದರು. "ನಿಂಗೆ ಏನೂ ಆಗೋದಿಲ್ಲ ಮಗಾ. ಇನ್ನು ಒಂದು ವರ್ಷ ಜ್ವರಾನೂ ಬರೋದಿಲ್ಲ."

ಅಮ್ಮನಿಗೆ ನಗುವೂ ಅಳುವೂ ಒಟ್ಟಿಗೇ ಬಂದವು. ನಾನು ಜಗಲಿಯ ಕಂಬ ತಬ್ಬಿಕೊಂಡು ಗೊಳೋ ಎಂದು ಅತ್ತೆ. ಅಷ್ಟು ಸುಖವಾಗಿ ಆಮೇಲೆ ಯಾವತ್ತೂ ಅತ್ತ ನೆನಪಿಲ್ಲ. ಮನೆಗೆ ಹೋದ ಮೇಲೆ ಬೆನ್ನಿಗೆ ನಾಲ್ಕು ಬೀಳುವುದು ಖಾತ್ರಿಯಿತ್ತು. ಬೀಳಲಿ ಅನ್ನಿಸಿತು. ತಂಗಿ ಬದುಕಿದ್ದಳಲ್ಲ.

ಮಳೆ ಸ್ವಲ್ಪ ಬಿಟ್ಟಿತ್ತು. ಹಿಂದಿರುಗುವಾಗ ತಂಗಿ ನಡೆದೇ ಬರುತ್ತೇನೆಂದಳು. ನಾನು ಅವಳ ಕೈ ಹಿಡಿದುಕೊಂಡು, ಕಟ್ಟುವಾರ ಅನ್ನುವುದೇ ಇಲ್ಲ, ಅದು ನಾನು ಹೇಳಿದ ಸುಳ್ಳು ಎಂದೆ. ಅವಳು ಕೆಸರು ಕಂಡ ಕಡೆಯೆಲ್ಲ ಕಾಲಿಟ್ಟುಕೊಂಡು ಬರುತ್ತಿದ್ದಳು.

"ಹೆದರ್ಬೇಡ ಆಯ್ತಾ? ನಿಂಗೆ ಏನೂ ಆಗಲ್ಲ," ಎಂದೆ.

"ಗೊತ್ತು," ಎಂದಳು. "ಅಜ್ಜಿ ಹೇಳಿದ್ರಲ್ಲ."