ಗಾಳೆವ್ವನ ಹೆಗಲು

ಬಯಲು ಟಾಕೀಸು ರೋಣದ ಹುಡುಗರಿಗೆ ಹೊಸ ಕ್ರಾಪು ಕೊಟ್ಟಿತು, ಹೆಂಗಸರಿಗೆ ಹಾಡು ಕೊಟ್ಟಿತು, ಗಾಳೆವ್ವನಿಗೆ ಹೆಗಲುನೋವು ಕೊಟ್ಟಿತು. ಹೆಂಗಸರ ಕಡೆಯ ಬಾಗಿಲು ಕಾಯುವ ಆಕೆ, ಆಟದ ನಡುವೆ ಯಾವ ಕೂಸು ಅತ್ತರೂ ತಾಯಿಯ ಮಡಿಲಿಂದ ಎತ್ತಿಕೊಂಡು ಪರದೆಯ ಹಿಂದಕ್ಕೆ ಹೋಗಿಬಿಡುತ್ತಾಳೆ. "ಸುಮ್ಮನಿರೋ ನಮ್ಮಪ್ಪಾ, ನನ್ನ ಹೆಗಲೇನು ಕಲ್ಲಿಂದೇನು?" ಎಂಬ ಅವಳ ಗೊಣಗಾಟವೇ ನಮ್ಮೂರಿಗೆ ಬರುವ ಹಿಂದಿ ಸಿನಿಮಾಗಳಲ್ಲಿ ಕೇಳಿಸುವ ಒಂದೇ ಕನ್ನಡ ಮಾತು. ಊರ ಅರ್ಧ ಮಕ್ಕಳು ಆ ಹೆಗಲ ಮೇಲೇ ದೊಡ್ಡವಾದವು. ಅದರಲ್ಲಿ ನನ್ನವೇ ಆರು. ಹೀರೋಗಳೆಂದರೆ ಮಾತ್ರ ಅವಳಿಗೆ ಅಷ್ಟಕ್ಕಷ್ಟೆ. "ಎಲ್ಲಾರೂ ಎಡಚರ್ರೀ. ಊಟಾನೂ ಎಡಗೈಲೆ, ದೇವರಿಗೆ ಹೂವು ಏರಸೋದೂ ಎಡಗೈಲೆ. ಹಡದಾಕಿ ಬುದ್ಧಿ ಹೇಳಿಲ್ಲೇನು?" ಎನ್ನುವಳು. ನಾವು ಹೊಟ್ಟೆ ಹಿಡಿದು ನಗುವೆವು. "ನಗ್ರಿ, ನಗ್ರಿ. ಒಂದಾಟ ಮುಂದ ಕುಂತು ಪೂರಾ ನೋಡಿ ಸಾಯಬೇಕ್ರಿ ನಾ" ಎಂದು ಎದ್ದು ಹೋಗುವಳು. ಮೊನ್ನೆ ನನ್ನ ಹೆಂಡತಿ ಅವಳನ್ನು ಕೈಹಿಡಿದು ಎಳೆದು ಮುಂದೆ ಕೂರಿಸಿಯೇಬಿಟ್ಟಳು. ಅಷ್ಟರಲ್ಲಿ ನಮ್ಮ ಆರನೆಯದು ರಾಗ ತೆಗೆಯಿತು. ಗಾಳೆವ್ವ ಏಳಹೊರಟಳು. "ನೀ ಕೂಡವ್ವಾ. ಅಪ್ಪ ಅನ್ನಿಸ್ಕೊಂಡಾವ್ರು ಇವತ್ತರೆ ಹೊರಲಿ" ಎಂದು ಹೆಂಡತಿ ಗಂಡಸರ ಕಡೆಗೂ ಹೆಂಗಸರ ಕಡೆಗೂ ನಡುವಿನ ಬಿದಿರು ತಟ್ಟಿಯ ಮೇಲಿಂದ ಕೂಸನ್ನು ನನ್ನ ಕೈಗೆ ದಾಟಿಸಿದಳು. ಜೀವನದಲ್ಲಿ ಮೊದಲ ಸಲ ಪರದೆಯ ಹಿಂದೆ ಹೋದೆ. ಅಲ್ಲಿಂದ ಎಲ್ಲವೂ ತಿರುಗುಮುರುಗಾಗಿ ಕಾಣುತ್ತಿತ್ತು. ಹೀರೋ ಎಡಗೈಯಿಂದ ಉಣ್ಣುತ್ತಿದ್ದ. ನಗೋಣವೆಂದರೆ ಪಕ್ಕದಲ್ಲಿ ಯಾರೂ ಇರಲಿಲ್ಲ. ಆಟ ಮುಗಿದ ಮೇಲೆ ಹೋಗಿ ನೋಡಿದರೆ ಗಾಳೆವ್ವ ಕುಳಿತಲ್ಲೇ ನಿದ್ದೆ ಹೋಗಿದ್ದಳು. ಕೈ ಮಾತ್ರ ಖಾಲಿ ಹೆಗಲನ್ನು ಮೆಲ್ಲಗೆ ತಟ್ಟುತ್ತಿತ್ತು.