ಕೂಗದ ಒತ್ತಡ

ಬಟ್ಟೆಗೆ ಬಣ್ಣ ಹಾಕುವ ನಮ್ಮ ಕಾರ್ಖಾನೆಯಲ್ಲಿ ಬಾಯ್ಲರ್ ನೋಡಿಕೊಳ್ಳುತ್ತಿದ್ದವನನ್ನು ಎಲ್ಲರೂ ಗೇಜಣ್ಣ ಅನ್ನುತ್ತಿದ್ದೆವು. ಇಪ್ಪತ್ತಾರು ವರ್ಷ ಉಗಿಯ ಒತ್ತಡ ತೋರಿಸುವ ಒಂದೇ ಗೇಜಿನ ಮುಳ್ಳು ನೋಡಿದವನು. ಕೂತಲ್ಲಿ ಕೂರುವ ಜಾಯಮಾನವಲ್ಲ. ಕಾರ್ಮಿಕ ಸಂಘದ ಸಭೆಯಲ್ಲಿ ನಾವು ಭಾಷಣ ಬಿಗಿಯುತ್ತಿದ್ದರೆ ಹತ್ತು ನಿಮಿಷಕ್ಕೊಮ್ಮೆ ಎದ್ದು ಹೋಗಿ ಮುಳ್ಳು ನೋಡಿ ಬರುತ್ತಿದ್ದ. ಮುಷ್ಕರದ ದಿನವೂ ಬೆಂಕಿ ಆರಿಸಿ, ಉಗಿ ಪೂರ್ತಿ ಇಳಿದ ಮೇಲೆಯೇ ಗೇಟಿಗೆ ಬಂದು ಘೋಷಣೆ ಕೂಗಿದ. ಮಾಲೀಕನ ಮೇಲಿನ ಸಿಟ್ಟು ಬೇರೆ, ಬಾಯ್ಲರ್ ಬೇರೆ.

ಕಾರ್ಖಾನೆಯಲ್ಲಿ ಎಲ್ಲರ ಕಣ್ಣು ತಪಾಸಣೆ ಮಾಡಿದಾಗ ಅವನ ಕಣ್ಣಿನ ಒತ್ತಡ ಇಪ್ಪತ್ತೆಂಟು ಬಂತು. ಇಪ್ಪತ್ತೊಂದು ದಾಟಿದರೆ ಹೆಚ್ಚು ಅಂತ ಲೆಕ್ಕ. ಡಾಕ್ಟರಮ್ಮ ಬಿಡಿಸಿ ಹೇಳಿದರು. ಕಣ್ಣೊಳಗೆ ನೀರು ಊರುತ್ತಲೇ ಇರುತ್ತದೆ. ಹೊರಹೋಗುವ ದಾರಿ ಬಿಗಿಯಾದರೆ ಒತ್ತಡ ಏರಿ ಹಿಂದಿನ ನರ ಸವೆಯಬಹುದು. ಒತ್ತಡ ಹೆಚ್ಚಿದವರೆಲ್ಲರ ನರವೂ ಕೆಡುವುದಿಲ್ಲ, ಇವನದೂ ಸದ್ಯಕ್ಕೆ ಗಟ್ಟಿಯಿತ್ತು. ಆದರೆ ಅವನ ತಾಯಿ ಇದೇ ಕಾಯಿಲೆಯಿಂದ ಕಣ್ಣು ಕಳೆದುಕೊಂಡವಳು. ಹಾಗಾಗಿ ದಿನಾ ಒಂದು ಹನಿ ಔಷಧಿ ಬರೆದುಕೊಟ್ಟರು.

"ನೋವಿಲ್ಲ, ಉರಿಯಿಲ್ಲ. ನನ್ ಬಾಯ್ಲರಾದ್ರೆ ಒತ್ತಡ ಜಾಸ್ತಿಯಾದ ತಕ್ಷಣ ಸೇಫ್ಟಿ ವಾಲ್ವ್ ಕೂಗುತ್ತೆ. ಕಣ್ಣಿಗೆ ಬಾಯಿಲ್ವಾ ಡಾಕ್ಟ್ರೇ?"

"ಇಲ್ಲ. ತೊಂದ್ರೆ ಇರೋದೇ ಅಲ್ಲಿ."

ಒಂದೂವರೆ ತಿಂಗಳು ಹನಿ ಹಾಕಿದ. ಹದಿನಾರಕ್ಕೆ ಇಳಿಯಿತು. ಮುಳ್ಳು ಸರಿಯಾದ ಗೆರೆಗೆ ಬಂದರೆ ಬೆಂಕಿ ತಗ್ಗಿಸುವುದು ಅವನ ಕೈಗೆ ಅಂಟಿದ ಬುದ್ಧಿ. ಯಾರಿಗೂ ಹೇಳದೆ ಹನಿ ನಿಲ್ಲಿಸಿದ, ಆಸ್ಪತ್ರೆ ಕಡೆ ತಲೆ ಹಾಕಲಿಲ್ಲ. ಹೆಂಡತಿ ಕೇಳಿದ್ದಕ್ಕೆ ಎಲ್ಲ ವಾಸಿಯಾಯಿತು ಅಂದ.

ಮೂರು ವರ್ಷ ಕಳೆಯಿತು. ಬಾಗಿಲ ಚೌಕಟ್ಟಿಗೆ ಎಡ ಭುಜ ತಾಗತೊಡಗಿತು. ಗೂಟದಲ್ಲಿದ್ದ ಅಂಗಿಗೆ ತಡಕಾಡುತ್ತಿದ್ದ, ಇಟ್ಟ ಚೊಂಬು ಒದೆಯುತ್ತಿದ್ದ, ಇಟ್ಟವರನ್ನು ಬೈಯುತ್ತಿದ್ದ. ಮನೆಗೇ ಕಾಲು ಬಂದಿದೆಯಾ ಅಂತ ಹೆಂಡತಿ ಚುಚ್ಚಿದಳು.

ಬಾಯ್ಲರಿನಲ್ಲಿ ಗೇಜಿನ ಎಡಕ್ಕೆ ಗಾಜಿನ ಕೊಳವೆಯೊಂದಿತ್ತು. ಒಳಗೆ ನೀರೆಷ್ಟಿದೆ ಎಂದು ಅದರಲ್ಲಿ ಕಾಣುತ್ತದೆ. ಮುಳ್ಳು ನೋಡುತ್ತಲೇ ಓರೆಗಣ್ಣಲ್ಲಿ ಅದನ್ನೂ ನೋಡುವುದು ಅವನ ರೂಢಿ. ಒಂದು ದಿನ ಮುಳ್ಳು ಸರಿಯಿತ್ತು, ಅವನು ನಿಂತೇ ಇದ್ದ. ಸೌದೆ ತಳ್ಳುವವನು ಬಂದು ತೋಳು ಹಿಡಿದೆಳೆದ.

"ಅಣ್ಣಾ, ನೀರು ತಳ ಕಾಣ್ತಿದೆ."

ಒಲೆಯ ಬೆಂಕಿ ಹೊರಗೆಳೆದು ಹಾಕಿದರು. ಇನ್ನಷ್ಟು ತಡವಾಗಿದ್ದರೆ ನೀರಿಲ್ಲದೆ ಕಾದ ಬಾಯ್ಲರ್ ಸಿಡಿದು ಆ ಗೋಡೆಯಾಗಲಿ, ಅದರಾಚೆಯ ನಲವತ್ತು ಜನರಾಗಲಿ ಉಳಿಯುತ್ತಿರಲಿಲ್ಲ.

ಮರುದಿನ ತಾನಾಗೇ ಆಸ್ಪತ್ರೆಗೆ ಹೋದ. ಬಟ್ಟಲಿನಂಥ ಯಂತ್ರದಲ್ಲಿ ಗಲ್ಲ ಇಟ್ಟು, ಬೆಳಕಿನ ಚುಕ್ಕೆ ಕಂಡಾಗಲೆಲ್ಲ ಗುಂಡಿ ಒತ್ತಬೇಕು. ಎಷ್ಟೋ ಹೊತ್ತು ಚುಕ್ಕೆಯೇ ಬರಲಿಲ್ಲ. ಯಂತ್ರ ಕೆಟ್ಟಿದೆ ಅಂದ. ಚುಕ್ಕೆಗಳು ಬರುತ್ತಲೇ ಇವೆ ಅಂದಳು ಅಲ್ಲಿನ ಹುಡುಗಿ. ಒತ್ತಡ ಮೂವತ್ತಮೂರು. ಎರಡೂ ಕಣ್ಣಿನ ನೋಟದ ಅಂಚು ಸವೆದಿತ್ತು, ಎಡಗಣ್ಣಿನದು ಹೆಚ್ಚು.

"ಹದಿನಾರಕ್ಕೆ ಬಂತಲ್ಲ ಡಾಕ್ಟ್ರೇ, ಅದಕ್ಕೇ ಹನಿ ಬಿಟ್ಟೆ."

"ಹನಿ ಹಾಕಿದ್ದಕ್ಕೇ ಹದಿನಾರು ಬಂದಿದ್ದು. ನೀವು ಬೆಂಕಿ ತಗ್ಗಿಸಿಲ್ಲ ಯಜಮಾನ್ರೇ, ತೆರೆದಿದ್ದ ವಾಲ್ವ್ ಮುಚ್ಚಿದ್ರಿ."

"ಹೋಗಿದ್ದು ಬರುತ್ತಾ?"

"ಇಲ್ಲ. ಇರೋದನ್ನ ಉಳಿಸ್ಕೋಬಹುದು. ದಿನಾ ಹಾಕಿದ್ರೆ."

ಬಾಯ್ಲರ್ ತನಗೆ ಬೇಡವೆಂದು ಅವನೇ ಬರೆದುಕೊಟ್ಟ. ಸಂಬಳ ಇಳಿಸದೆ ಸ್ಟೋರಿಗೆ ಹಾಕಿಸಲು ಸಂಘ ಹದಿನೈದು ದಿನ ಗುದ್ದಾಡಿತು. ಈಗ ನಟ್ಟು ಬೋಲ್ಟು ಎಣಿಸುತ್ತಾನೆ, ಆದರೆ ಹತ್ತು ನಿಮಿಷಕ್ಕೊಮ್ಮೆ ಎದ್ದು ಬಾಯ್ಲರ್ ಬಾಗಿಲಿಗೆ ಹೋಗುತ್ತಾನೆ, ಅಲ್ಲಿಗೆ ಬಂದ ಹೊಸಬ ಮುಖ ಗಂಟಿಕ್ಕುತ್ತಾನೆ. ಹನಿ ತಪ್ಪಿಸುವುದಿಲ್ಲ. ಮೊನ್ನೆ ಒತ್ತಡ ಹದಿನೈದಕ್ಕೆ ಬಂತಂತೆ. ಆ ಅಂಕಿಯನ್ನು ಅವನು ನಂಬುವುದಿಲ್ಲ, ಸಂಜೆ ಮತ್ತೆ ಹನಿ ಹಾಕುತ್ತಾನೆ.

ಒಂದೇ ತಾಯಿ ಮಕ್ಕಳಿಗೆ ಇದು ಬರುವ ಸಂಭವ ಹೆಚ್ಚಂತೆ. ಭಾನುವಾರ ಆಸ್ಪತ್ರೆ ಇಲ್ಲವೆಂದು ಬಿಟ್ಟು ಸೋಮವಾರ ಬೆಳಗ್ಗೆಯೇ ತಮ್ಮನ ಬಾಗಿಲಲ್ಲಿ ನಿಂತ. ತಮ್ಮ ಹಲ್ಲುಜ್ಜುತ್ತಿದ್ದ.

"ನಂಗೇನಾಗಿದೆ ಅಣ್ಣ? ನೋವೇ ಇಲ್ಲ."

"ನಂಗೂ ಇರ್ಲಿಲ್ಲ. ಚಪ್ಪಲಿ ಹಾಕ್ಕೋ."