ಬಾಯ್ಲರಿನ ಉಸಿರು

ಅಪ್ಪ ತೀರಿಕೊಂಡ ಮೇಲೆ ಲಂಡನ್ನಿನ ನಮ್ಮ ಗ್ರೀನ್‌ಫರ್ಡ್ ಮನೆಯ ಬಾಯ್ಲರ್ ಉಸಿರಾಡತೊಡಗಿತು. ಹೀಗೆ ಬರೆಯಲು ನನಗೆ ಈಗಲೂ ಸಿಟ್ಟು ಬರುತ್ತದೆ. ನಾನು ಡಾಕ್ಟರು, ಅದೂ ಎದೆರೋಗದ ಡಾಕ್ಟರು. ದೆವ್ವ ಭೂತದ ಮಾತೆಂದರೆ ಮೂಗಿನ ತುದಿಯಲ್ಲೇ ಕೋಪ. ಆದರೆ ಬೇರೆ ಯಾವ ಶಬ್ದ ಬಳಸಿದರೂ ಅದು ಸುಳ್ಳಾಗುತ್ತದೆ.

ಲಂಡನ್ನಿನಲ್ಲಿ ಒಲಿಂಪಿಕ್ಸ್ ನಡೆದ ವರ್ಷದ ಚಳಿಗಾಲ ಅದು. ಅಪ್ಪ, ಅವ್ವ ಧಾರವಾಡದಿಂದ ಬಂದು ನನ್ನ ಜೊತೆಗೇ ಇದ್ದರು. ಅಪ್ಪನಿಗೆ ಶ್ವಾಸಕೋಶ ಗಟ್ಟಿಯಾಗುತ್ತ ಹೋಗುವ ಕಾಯಿಲೆ. ಅವರು ಮಲಗುತ್ತಿದ್ದ ಹಿಂದಿನ ಕೋಣೆಯಲ್ಲೇ ಒಂದು ಗೋಡೆಕಪಾಟು, ಅದರೊಳಗೆ ಮನೆಯನ್ನೆಲ್ಲ ಬೆಚ್ಚಗಿಡುವ ಗ್ಯಾಸ್ ಬಾಯ್ಲರ್. ಅಪ್ಪ ಆಸ್ಪತ್ರೆಗೆ ಹೋದವರು ಮರಳಲಿಲ್ಲ. ಕರ್ಮಗಳೆಲ್ಲ ಮುಗಿದು, ಬಂದ ನೆಂಟರು ತಿರುಗಿ ಹೋಗಿ, ನಾನು ಮತ್ತೆ ಡ್ಯೂಟಿಗೆ ಹೋಗತೊಡಗಿದ ಹೊತ್ತಿಗೆ ಕಪಾಟಿನ ಸದ್ದು ಶುರುವಾಯಿತು. ಮೊದಲು ಗೊರಗೊರ, ಆಮೇಲೆ ಒಂದು ಎಳೆತ, ನಡುವೆ ತಡೆದು ನಿಂತಂತೆ ಒಂದು ಬಿಡುವು.

ಒಂದು ದಿನ ಮನೆಗೆ ಬಂದರೆ ಒಳಗೂ ಹೊರಗಿನಷ್ಟೇ ಚಳಿ. ಅವ್ವ ಕಪಾಟಿನ ಮುಂದೆ ಕುರ್ಚಿ ಹಾಕಿಕೊಂಡು, ಕೋಟಿನ ಮೇಲೆ ಶಾಲು ಹೊದ್ದು ಕೂತಿದ್ದಳು. ಬೆರಳುಗಳು ನೀಲಿಗಟ್ಟಿದ್ದವು.

"ನಿಮ್ಮಪ್ಪಗ ದಮ್ಮು ಹತ್ತೇದ. ಒಂದಿಷ್ಟು ಆರಾಮ ಮಾಡ್ಲಿ ಅಂತ ಬಂದ್ ಮಾಡೀನಿ," ಎಂದಳು.

ನಾನು ರೇಗಿದೆ. ಅದು ಯಂತ್ರ, ಅದಕ್ಕೆ ದಣಿವಿಲ್ಲ, ನಿನಗಿದೆ ಎಂದೆ. ಅವ್ವನ ಎದೆಯೂ ಗಟ್ಟಿಯದಲ್ಲ. ಹಿಂದಿನ ಚಳಿಗಾಲದಲ್ಲಿ ನ್ಯುಮೋನಿಯಾ ಆಗಿ ಕಷ್ಟದಲ್ಲಿ ಉಳಿದಿದ್ದಳು. ಈ ಚಳಿಯಲ್ಲಿ ಹೀಗೇ ಕೂತರೆ ಅವಳನ್ನೂ ಕಳೆದುಕೊಳ್ಳುತ್ತೇನೆ ಎಂಬುದು ನನಗೆ ಸ್ಪಷ್ಟವಾಗಿತ್ತು. ಬಿಡಿಸಿ ಹೇಳಿದೆ, ಬೈದೆ, ಅತ್ತೂ ಹೇಳಿದೆ. ಗೋರ್ಕಲ್ಲ ಮೇಲೆ ಮಳೆ ಸುರಿದ ಹಾಗೆ. ನಾನು ಬಾಗಿಲು ದಾಟುವುದನ್ನೇ ಕಾದು ಮತ್ತೆ ಸ್ವಿಚ್ ಆರಿಸುತ್ತಿದ್ದಳು. ಪಕ್ಕದ ಮನೆಯವರನ್ನು ಕಳಿಸಿ ಹಚ್ಚಿಸಿದರೆ ಅವರಿಗೆ ಚಹಾ ಕೊಟ್ಟು ಸಾಗಹಾಕಿ ಆರಿಸುತ್ತಿದ್ದಳು.

"ನೀ ಡಾಕ್ಟರ್ ಇದ್ದೀಯಲ್ಲ, ನೀನ ಕೇಳಿ ನೋಡು," ಎಂದಳು ಒಂದು ಭಾನುವಾರ.

ಸರಿ, ಇದೂ ಒಂದು ಆಗಿಹೋಗಲಿ ಎಂದು ಬ್ಯಾಗಿನಿಂದ ಸ್ಟೆತಾಸ್ಕೋಪ್ ತೆಗೆದೆ. ಕಪಾಟು ತೆರೆದು ತಾಮ್ರದ ಪೈಪಿನ ಮೇಲಿಟ್ಟೆ. ಕೇಳಿಸಿದ್ದು ನೀರಿನ ಸದ್ದಲ್ಲ. ಚುರುಮುರಿಯಲ್ಲಿ ಕೈಯಾಡಿಸಿದಂಥ ಸಣ್ಣ ಚಿಟಪಟ, ಎಳೆತದ ಕೊನೆಯಲ್ಲಿ ಜೋರಾಗಿ, ಬಿಡುವಾಗ ಮಾಯವಾಗಿ. ಎರಡು ವರ್ಷ ಅಪ್ಪನ ಬೆನ್ನಿನ ಮೇಲೆ ನಾನು ಕೇಳಿದ್ದು ಅದನ್ನೇ. ಹೆದರಿಕೆಯಾಯಿತು, ಅದಕ್ಕಿಂತ ಹೆಚ್ಚಾಗಿ ಇನ್ನಷ್ಟು ಹೊತ್ತು ಕೇಳಬೇಕೆನ್ನಿಸಿತು. ಅವ್ವ ನನ್ನ ಮುಖವನ್ನೇ ನೋಡುತ್ತಿದ್ದಳು. ಏನೂ ಇಲ್ಲ ಎಂದು ಹೇಳಿ ಕಪಾಟು ಮುಚ್ಚಿದೆ. ಅವಳು ನಂಬಲಿಲ್ಲ.

ಮರುದಿನವೇ ರಜೆ ಹಾಕಿ ಬಾಯ್ಲರ್ ರಿಪೇರಿಯವರನ್ನು ಕರೆಸಿದೆ. ನಡುವಯಸ್ಸಿನ ಪಂಜಾಬಿ, ಮಾತು ಕಡಿಮೆ. ಲಂಡನ್ನಿನ ಗಡಸು ನೀರಿನ ಸುಣ್ಣ ಒಳಗಿನ ಸಣ್ಣ ದಾರಿಗಳಲ್ಲಿ ಕಟ್ಟಿಕೊಂಡಿದೆ, ಸಿಕ್ಕಿಬಿದ್ದ ನೀರು ಅಲ್ಲೇ ಕುದಿದು ಗುಳ್ಳೆ ಒಡೆಯುತ್ತದೆ, ಅದೇ ಸದ್ದು ಎಂದರು. ಅಪ್ಪನ ಕಾಯಿಲೆಯನ್ನು ನಾನು ಅವ್ವನಿಗೆ ವಿವರಿಸಿದ್ದೂ ಹೆಚ್ಚುಕಡಿಮೆ ಹೀಗೆಯೇ. ಅವರು ಯಂತ್ರ ಜೋಡಿಸಿ ದಿನವಿಡೀ ಪೈಪುಗಳನ್ನು ತೊಳೆದರು. ಕಪ್ಪು ರಾಡಿ ನೀರು ಹೊರಗೆ ಹೋಯಿತು. ಅವ್ವ ಕುರ್ಚಿ ಬಿಟ್ಟೇಳಲಿಲ್ಲ, ಊಟವನ್ನೂ ಮಾಡಲಿಲ್ಲ.

ಕೊನೆಗೆ ಅವರು ಬಾಯ್ಲರಿನ ಬಿಸಿನೀರು ಹರಿದು ಕೋಣೆ ಕಾಯಿಸುವ ಬಚ್ಚಲಿನ ರೇಡಿಯೇಟರಿನ ಬಿರಡೆ ಬಿಚ್ಚಿ, ಮತ್ತೆ ಸುಣ್ಣ ಕಟ್ಟದಿರಲೆಂದು ಔಷಧ ಹೊಯ್ಯಲು ಅಣಿಯಾದಾಗ, ಅವ್ವ ಎದ್ದು ಬಂದಳು. ಕೈಯಲ್ಲಿ ಕಾಶಿಯಿಂದ ತರುವ ಹೆಬ್ಬೆರಳುದ್ದದ ತಾಮ್ರದ ಗಿಂಡಿ, ಬಾಯಿಗೆ ಹಾಕಿದ ಬೆಸುಗೆ ಹಾಗೇ ಇತ್ತು.

"ದವಾಖಾನ್ಯಾಗ ನನ್ನ ಚೀಲದಾಗಽ ಇತ್ತು," ಎಂದಳು. "ಬಾಯಿಗೆ ಏನೂ ಹಾಕಬಾರದು ಅಂತ ಅವರ ಮಂಚದ ಮ್ಯಾಲೆ ಬೋರ್ಡ್ ಹಾಕಿದ್ರು. ನಾ ಓದಿಕೊಂಡು ಸುಮ್ಮನ ಕೂತೆ. ಗಂಗಿ ಇಲ್ಲದಽ ಹೋದ್ರು ಅವರು."

ಸಾಯುವವರ ಬಾಯಿಗೆ ಒಂದು ಹನಿ ಗಂಗೆ ಬೀಳದಿದ್ದರೆ ಜೀವ ತೊಡಕಿಕೊಳ್ಳುತ್ತದೆ ಎಂಬುದು ನಮ್ಮ ಕಡೆಯ ನಂಬಿಕೆ. ಜೀವನವಿಡೀ ಶಾಲೆಯಲ್ಲಿ ಕಲಿಸಿದ ಅವ್ವ, ಬರೆದದ್ದಕ್ಕೆ ಎದುರಾಡಿದವಳಲ್ಲ. ಇಷ್ಟು ದಿನ ಅದನ್ನು ಒಬ್ಬಳೇ ನುಂಗಿಕೊಂಡಿದ್ದಳು. ನನ್ನ ಸಿಟ್ಟೆಲ್ಲ ಇಳಿದುಹೋಯಿತು.

ನಾನು ರಿಪೇರಿಯವರ ಮುಖ ನೋಡಿ, ಗಂಗಾಜಲ ಎಂದೆ. ಆ ಒಂದು ಶಬ್ದವೇ ಅವರಿಗೆ ಸಾಕಾಯಿತು. ತಮ್ಮ ಇಕ್ಕಳದಿಂದ ಬೆಸುಗೆ ಒಡೆದು ಕೊಟ್ಟು, ಒಂದು ಹೆಜ್ಜೆ ಹಿಂದೆ ಸರಿದು ನಿಂತರು. ಅವ್ವ ರೇಡಿಯೇಟರಿನ ಸಣ್ಣ ಬಾಯಿಗೆ ಗಿಂಡಿ ಬಗ್ಗಿಸಿ, ಒಂದೊಂದೇ ಹನಿಯಾಗಿ, ಚೆಲ್ಲದಂತೆ ಹಾಕಿದಳು. ಆಮೇಲೆ ಸೆರಗಿನಿಂದ ಆ ಕಬ್ಬಿಣದ ಅಂಚನ್ನು ಒರೆಸಿದಳು.

"ಇನ್ನ ಹಚ್ರಿ," ಎಂದಳು.

ಅವರು ತಮ್ಮ ಔಷಧವನ್ನೂ ಹೊಯ್ದು, ಬಿರಡೆ ಬಿಗಿದು ಹಚ್ಚಿದರು. ಜ್ವಾಲೆ ಹೊತ್ತಿದ್ದು ಬಾಯ್ಲರಿನ ಸಣ್ಣ ಗಾಜಿನ ಕಿಂಡಿಯಲ್ಲಿ ಕಂಡಿತು. ಪೈಪುಗಳು ಬಿಸಿಯಾದವು, ಮನೆ ಬೆಚ್ಚಗಾಗುತ್ತ ಬಂತು. ಅವ್ವ ಶಾಲು ತೆಗೆದು ಮಡಚಿಟ್ಟು, ಹಸಿವಾಗಿದೆ ಎನ್ನುತ್ತ ಅಡುಗೆಮನೆಗೆ ಹೋದಳು. ನಾನು ಕಪಾಟಿನ ಮುಂದೆ ನಿಂತೇ ಇದ್ದೆ. ಹೊಸ ಯಂತ್ರದ ಹಾಗೆ, ಒಂದಿಷ್ಟೂ ಸದ್ದಿರಲಿಲ್ಲ.

ರಿಪೇರಿಯವರು ಸಾಮಾನು ಕಟ್ಟಿಕೊಳ್ಳುತ್ತ, ಈಗೇನಾದರೂ ಕೇಳಿಸುತ್ತಿದೆಯೇ ಎಂದು ಕೇಳಿದರು. ಇಲ್ಲ ಎನ್ನುವ ಬದಲು ನಾನು ಬ್ಯಾಗಿನಿಂದ ಸ್ಟೆತಾಸ್ಕೋಪ್ ತೆಗೆದೆ.